ಒಂದೇ ತಲೆಬಟ್ಟೆಯಲ್ಲಿ ಎರಡು ಸಾವು

"ಅಮ್ಮಾ, ತೊಕು ಮಾಮ ಆಗ್ಲೇ ಸತ್ತೋದ್ರಲ್ಲ! ಮತ್ತೆ ಯಾಕೆ ಬಂದ್ರು?"

ಮಡಿಲಲ್ಲಿ ಕೂತಿದ್ದ ಐದು ವರ್ಷದ ಕಯೋ ಇದನ್ನು ಪಿಸುಮಾತಿನಲ್ಲಿ ಕೇಳಿದ್ದರೆ ಯಾವ ತೊಂದರೆಯೂ ಇರುತ್ತಿರಲಿಲ್ಲ. ಅವಳು ಕೇಳಿದ್ದು ಅಂಗಳದಾಚೆಯ ನಲ್ಲಿಯ ಹತ್ತಿರ ನಿಂತವರನ್ನು ಕೂಗುವ ದನಿಯಲ್ಲಿ. ಪರದೆಯ ಮೇಲೆ ಆ ಹೊತ್ತಿಗೆ ಸದ್ದೇ ಇರಲಿಲ್ಲ. ಸೇತುವೆಯ ಮೇಲೆ ನಾಯಕ ಕತ್ತಿ ಎತ್ತಿ ನಿಂತಿದ್ದ, ಎದುರಿಗೆ ಏಳು ಜನ, ಯಾರು ಮೊದಲು ಮುನ್ನುಗ್ಗುತ್ತಾರೋ ಎಂದು ಸ್ಟುಡಿಯೋಗಳಿರುವ ಉಜುಮಾಸ ಕೇರಿಯ ಜನರೆಲ್ಲ ಉಸಿರು ಬಿಗಿಹಿಡಿದಿದ್ದರು. ಮುನ್ನುಗ್ಗಿ ಮೊದಲ ಏಟಿಗೇ ಬಿದ್ದವನು ಕಂದು ಚೌಕಳಿಯ ತಲೆಬಟ್ಟೆ ಕಟ್ಟಿದವನು. ಅದೇ ತಲೆಬಟ್ಟೆಯವನು ಎರಡು ನಿಮಿಷದ ಹಿಂದೆ ಬಾವಿಕಟ್ಟೆಯ ಪಕ್ಕದಲ್ಲಿ ಹೊಟ್ಟೆ ಹಿಡಿದು ಬಿದ್ದು ಸತ್ತಿದ್ದ.

ಮೊದಲು ಹಿಂದಿನ ಸಾಲಿನಲ್ಲಿ ಒಬ್ಬ ನಕ್ಕ. ಆಮೇಲೆ ತೋಫು ಮಾರುವ ಒನೊಬು, "ಅಯ್ಯೋ ಹೌದಲ್ರೇ, ಇವ್ನೇ ಅವ್ನು!" ಎಂದಳು. ಅಷ್ಟು ಸಾಕಾಯಿತು. ನಾಯಕ ಉಳಿದ ಆರು ಜನರನ್ನು ಕಡಿದು ಮುಗಿಸುವವರೆಗೂ ಚಿತ್ರಮಂದಿರದಲ್ಲಿ ನಗು ನಿಲ್ಲಲಿಲ್ಲ. ಮಿತ್ಸುಯೆ ಮಗಳ ಬಾಯಿಗೆ ಕೈ ಅಡ್ಡ ಹಿಡಿದು ಹಿಂದಕ್ಕೆ ತಿರುಗಿ ನೋಡಿದಳು. ಟಿಕೆಟ್ಟು ತಂದುಕೊಟ್ಟು ತಾನೂ ಜೊತೆಗೆ ಬಂದಿದ್ದ ತೊಕುಜಿರೊ ಅವಳ ಹಿಂದಿನ ಕುರ್ಚಿಯಲ್ಲೇ ಕೂತಿದ್ದ. ಅವನು ನಗುತ್ತಿರಲಿಲ್ಲ, ತಲೆಯನ್ನೂ ತಗ್ಗಿಸಿರಲಿಲ್ಲ. ಬಾಗಿಲಲ್ಲಿ ಯಾರೋ ಹೆಸರು ಹಿಡಿದು ಕೂಗಿದಾಗ ಒಳಗಿರುವವನು ಕಿವಿಗೊಡುವ ಹಾಗೆ ಕತ್ತು ಓರೆ ಮಾಡಿ ಕೂತಿದ್ದ. ನಾಚಿಕೆಯಿಂದ ಹಾಗಾಗಿದ್ದಾನೆ ಎಂದುಕೊಂಡಳು ಮಿತ್ಸುಯೆ.

ಇಬಾ ತೊಕುಜಿರೊ ಅವರ ಪಕ್ಕದ ಮನೆಯವನು. ಪಕ್ಕದ ಮನೆ ಎಂದರೆ ಉದ್ದನೆಯ ಒಂದೇ ಸೂರಿನ ಕೆಳಗಿನ ಮುಂದಿನ ಕೋಣೆ. ನಡುವಿನ ಗೋಡೆ ಎಷ್ಟು ತೆಳುವೆಂದರೆ ಇವನು ಸೀನಿದರೆ ಅವಳು "ಶುಂಠಿ ಕಷಾಯ ಬೇಕಾ?" ಎಂದು ಇಲ್ಲಿಂದಲೇ ಕೇಳುತ್ತಿದ್ದಳು. ವಯಸ್ಸು ನಲವತ್ತೇಳು. ಹೆಂಡತಿ ಮಕ್ಕಳಿಲ್ಲ. ಸ್ಟುಡಿಯೋದ ದೊಡ್ಡ ಕೋಣೆಯ ನಟ. ಹೆಸರುಳ್ಳವರಿಗೆ ಒಬ್ಬೊಬ್ಬರಿಗೆ ಒಂದೊಂದು ಕೋಣೆ, ಹೆಸರಿಲ್ಲದ ನೂರು ಜನಕ್ಕೂ ಸೇರಿ ದೊಡ್ಡ ಕೋಣೆ. ಅದರಲ್ಲೂ ತೊಕುಜಿರೊ ಕಡಿಸಿಕೊಳ್ಳುವವನು. ನಾಯಕನ ಕತ್ತಿಗೆ ಸಾಯುವುದೇ ಅವನ ಉದ್ಯೋಗ.

ತಾಂಗೊ ಕಡಲತೀರದ ಮಿಯಾಜುವಿನಲ್ಲಿ ಬೂತಾಯಿ ಮೀನು ಹಿಡಿಯುವವರ ಮನೆಯಲ್ಲಿ ಹುಟ್ಟಿ, ಹದಿನಾರನೆಯ ವಯಸ್ಸಿಗೆ ಕ್ಯೋಟೊಗೆ ಬಂದವನು. ಮೊದಲು ಕುದುರೆ ತೊಳೆದ, ಆಮೇಲೆ ಪಲ್ಲಕ್ಕಿ ಹೊತ್ತ, ಆಮೇಲೆ ಸತ್ತ. ಚೆನ್ನಾಗಿ ಸಾಯುತ್ತಾನೆ ಎಂದು ಹೆಸರು ಬಂತು. ಕಡಿಯುವವನ ಕೈಚಳಕವೆಲ್ಲ ಇರುವುದು ಸಾಯುವವನ ಬೆನ್ನಿನಲ್ಲಿ ಎಂದು ಅವನು ಹೇಳುತ್ತಿದ್ದ. ಬಿದಿರಿಗೆ ಬೆಳ್ಳಿ ಹಾಳೆ ಅಂಟಿಸಿದ ಕತ್ತಿಗೆ ಭಾರವೆಲ್ಲಿಯದು? ಆ ಭಾರವನ್ನು ಸಾಯುವವನು ತನ್ನ ಮೈಯಲ್ಲಿ ತೋರಿಸಬೇಕು. ಮಾಘದ ಚಳಿಯಲ್ಲಿ ಹೆಣವಾಗಿ ಬಿದ್ದಿರುವಾಗ ಬಾಯಿಂದ ಬಿಳಿ ಹಬೆ ಹೊರಟರೆ ಎಲ್ಲ ಕೆಟ್ಟಿತು. ಅದಕ್ಕೆ ಸಾಯುವ ಮುನ್ನ ಬಾಯಿಗೊಂದು ಮಂಜುಗಡ್ಡೆ ಹಾಕಿಕೊಳ್ಳುತ್ತಿದ್ದರು. "ಹೆಣಗಳೆಲ್ಲ ಸೇರಿ ಕಟಕಟ ಅಂತ ಹಲ್ಲು ಕಡೀತಿರ್ತೀವಿ, ನೋಡ್ಬೇಕು ನೀವು," ಎಂದು ನಲ್ಲಿಯ ಹತ್ತಿರ ಅವನು ಮಾಡಿ ತೋರಿಸಿದರೆ ಹೆಂಗಸರು ಬಕೆಟ್ಟು ಬಿಟ್ಟು ನಗುತ್ತಿದ್ದರು.

ಯುದ್ಧ ಮುಗಿದ ಮೇಲೆ ಅಮೆರಿಕದವರು ಕತ್ತಿಯ ಚಿತ್ರಗಳೇ ಬೇಡವೆಂದರು. ಐದಾರು ವರ್ಷ ಸಾಯುವ ಕೆಲಸ ಇರಲಿಲ್ಲ. ಆಗ ತೊಕುಜಿರೊ ಈಗಿನ ಕಾಲದ ಚಿತ್ರಗಳಲ್ಲಿ ಟೊಪ್ಪಿಗೆ ಹಾಕಿಕೊಂಡು ಅಕ್ಕಿಯ ಸಾಲಿನಲ್ಲಿ ನಿಂತ, ರೈಲಿಗೆ ನೇತಾಡಿದ, ಸಾರಾಯಂಗಡಿಯ ಮೂಲೆಯಲ್ಲಿ ಕೂತ. ಬದುಕಿರುವವನ ಪಾತ್ರ ಅವನಿಗೆ ಒಗ್ಗಲೇ ಇಲ್ಲ. "ಏಯ್, ಮೂರನೆಯವನೇ! ಬೆನ್ನಿಗೆ ಚೂರಿ ಬೀಳೋದನ್ನ ಕಾಯ್ತಿರೋನ ಹಾಗೆ ಯಾಕಯ್ಯಾ ನಿಂತಿದ್ದೀಯ? ಅಕ್ಕಿ ತಗೊಳ್ಳೋಕೆ ಬಂದಿದ್ದೀಯ ನೀನು!" ಎಂದು ನಿರ್ದೇಶಕರು ಕಿರುಚುತ್ತಿದ್ದರಂತೆ. ಕತ್ತಿಗಳು ಮರಳಿ ಬಂದ ದಿನ ಅವನು ದೊಡ್ಡ ಕೋಣೆಯವರಿಗೆಲ್ಲ ಸೋಬಾ ಶಾವಿಗೆ ಕೊಡಿಸಿದನಂತೆ.

ಮಿತ್ಸುಯೆಯ ಗಂಡ ಬಟ್ಟೆಗೆ ಬಣ್ಣ ಹಾಕುವಲ್ಲಿ ಉಗಿಯ ಕೋಣೆಯ ಕೆಲಸದವನು. ಬೆಳಿಗ್ಗೆ ಹೋದರೆ ಕತ್ತಲಾಗುವಾಗ ಬರುವವನು. ಹೊಲಿಗೆಯ ಕೆಲಸವಿದ್ದಾಗ ಮಗುವನ್ನು ನೋಡಿಕೊಳ್ಳುತ್ತಿದ್ದವನು ಕೆಲಸವಿಲ್ಲದ ದಿನದ ತೊಕುಜಿರೊ. ಅವನು ಕಯೋಗೆ ಸಾಯುವುದನ್ನು ಕಲಿಸಿದ. ಮೊಣಕಾಲು ಮೊದಲು, ಆಮೇಲೆ ಸೊಂಟ, ತಲೆ ಎಲ್ಲಕ್ಕಿಂತ ಕೊನೆಗೆ. ಮಗು ದಿನಕ್ಕೆ ಹತ್ತು ಸಲ ಚಾಪೆಯ ಮೇಲೆ ಬಿದ್ದು ಸಾಯುತ್ತಿತ್ತು. "ಹೆಣ್ಮಗು ಹೀಗೆಲ್ಲ ಸಾಯ್ಬಾರ್ದು ಕಣೇ," ಎಂದು ಒನೊಬು ಬೈದರೆ ಅದು ಒಂದು ಕಣ್ಣು ತೆರೆದು, "ಹೆಣ ಮಾತಾಡಲ್ಲ," ಎನ್ನುತ್ತಿತ್ತು. ಅವನು ಬೀಳುವಾಗ ಎಡಗಾಲಿನ ಹೆಬ್ಬೆರಳು ಒಂದು ಸಲ ಮೇಲಕ್ಕೆ ಸೆಟೆದು ನಿಧಾನವಾಗಿ ಮಡಚಿಕೊಳ್ಳುತ್ತಿದ್ದದ್ದನ್ನು ಅದು ನೋಡಿ ಇಟ್ಟುಕೊಂಡಿತ್ತು. ಪರದೆಯ ಮೇಲೆ ಅವನನ್ನು ಎರಡು ಸಲ ಹಿಡಿದುಕೊಟ್ಟದ್ದು ಆ ಹೆಬ್ಬೆರಳೇ.

ಎರಡು ಸಲ ಸಾಯುವುದೇನೂ ತಪ್ಪಲ್ಲ. ಮೂವತ್ತು ಜನ ಸಾಯಬೇಕಾದಲ್ಲಿ ಹನ್ನೆರಡೇ ಜನ ಇದ್ದರೆ ಸತ್ತವರೇ ಕ್ಯಾಮೆರಾದ ಹಿಂದಿನಿಂದ ತೆವಳಿಕೊಂಡು ಹೋಗಿ, ತಲೆಬಟ್ಟೆ ಬದಲಿಸಿ, ಇನ್ನೊಂದು ಕಡೆಯಿಂದ ಓಡಿಬಂದು ಮತ್ತೆ ಸಾಯುತ್ತಾರೆ. ಎಲ್ಲರೂ ಮಾಡುವುದೇ. ತಪ್ಪೇನೆಂದರೆ ತೊಕುಜಿರೊ ತಲೆಬಟ್ಟೆ ಬದಲಿಸಿರಲಿಲ್ಲ. ಮೂವತ್ತು ವರ್ಷದಲ್ಲಿ ಒಂದು ಸಲವೂ ಹಾಗೆ ಮಾಡಿರದಿದ್ದವನು.

ಮಾತು ಹಬ್ಬಲು ಒಂದು ವಾರ ಸಾಕಾಯಿತು. ಹೊಸ ವರ್ಷದ ಆ ಚಿತ್ರಕ್ಕೆ ಎರಡನೆಯ ಸುತ್ತಿನಲ್ಲಿ ಜನ ಬರತೊಡಗಿದ್ದೇ ಎರಡು ಸಲ ಸಾಯುವವನನ್ನು ನೋಡಲು. ಒನೊಬುವೇ ಮೂರು ಸಲ ಹೋಗಿಬಂದಳು. ಸಂಜೆಯ ಪತ್ರಿಕೆಯೊಂದರ ಮೂಲೆಯಲ್ಲಿ, "ಶಿರಾಮಿನೆಯವರ ಕತ್ತಿ ಈಗ ಮೊಂಡಾಗಿದೆಯೇ? ಕಡಿದವರು ಎದ್ದು ಬರುತ್ತಿದ್ದಾರೆ" ಎಂದು ನಾಲ್ಕು ಸಾಲು ಬಂತು. ಶಿರಾಮಿನೆ ಎಂದರೆ ಆ ಸ್ಟುಡಿಯೋದ ದೊಡ್ಡ ನಾಯಕ. ಮಾರನೆಯ ದಿನ ದೊಡ್ಡ ಕೋಣೆಯ ಗೋಡೆಯ ಮೇಲಿದ್ದ ತೊಕುಜಿರೊನ ಹೆಸರಿನ ಹಲಗೆಯನ್ನು ಗೋಡೆಯ ಕಡೆಗೆ ತಿರುವಿ ಹಾಕಿದ್ದರು. ಹಲಗೆ ತಿರುಗಿದರೆ ಕರೆಯುವವರೆಗೂ ಬರಬೇಡ ಎಂದರ್ಥ. ಕರೆಯದೆಯೇ ವರ್ಷ ಕಳೆದವರೂ ಇದ್ದರು.

ಮಿತ್ಸುಯೆ ಆ ಎರಡು ವಾರ ಹೊಲಿಯುವಾಗಲೂ ಗೋಡೆಯ ಕಡೆಗೇ ಕಿವಿ ಇಟ್ಟಿದ್ದಳು. ಗೋಡೆಯಾಚೆ ಅವನು ಬೆಳಿಗ್ಗೆ ಐದಕ್ಕೆ ಏಳುವುದು, ಕೆಟಲ್ ಇಡುವುದು, ಆಮೇಲೆ ಎಲ್ಲಿಗೂ ಹೊರಡದೆ ಇರುವುದು ಎಲ್ಲ ಕೇಳುತ್ತಿತ್ತು. ದಿನಚರಿಯಲ್ಲಿ ಮಗಳ ಮಾತುಗಳನ್ನು ಬರೆದಿಡುವ ಅಭ್ಯಾಸ ಅವಳಿಗೆ. ಚಿತ್ರಮಂದಿರದ ಆ ಪ್ರಶ್ನೆಯನ್ನು ಮಾತ್ರ ಬರೆಯಲು ಕೈ ಬರಲಿಲ್ಲ.

ಕೊನೆಗೆ ಒಂದು ದಿನ ಗೋಡೆ ತಟ್ಟಿದಳು. "ತೊಕು ಅವ್ರೇ, ಭಾನುವಾರ ಶಿರಾಮಿನೆ ಗುರುಗಳ ಮನೆಗೆ ಹೋಗೋಣ."

"ನಾನು ಹೋಗ್ಬೇಕಾದ್ದು. ನೀವ್ಯಾಕೆ?"

"ಬಾಯಿ ನಮ್ಮ ಮನೇದು."

"ಬಾಯಿ ಸುಳ್ಳು ಹೇಳ್ಲಿಲ್ವಲ್ಲ."

"ಸುಳ್ಳು ಹೇಳಿದ್ರೆ ಎರಡು ಬಾರಿಸಿ ಸುಮ್ನಿರ್ತಿದ್ದೆ. ನಿಜ ಹೇಳಿದ್ದಕ್ಕೇ ಈ ಕಷ್ಟ. ಹತ್ತು ಗಂಟೆಗೆ ರೆಡಿಯಾಗಿರಿ. ಅಂಗಿಯ ಕಾಲರ್ ಕೊಳೆಯಾಗಿದ್ರೆ ಇವತ್ತೇ ಕೊಡಿ, ಒಗೆದು ಹಾಕ್ತೀನಿ."

ಸಾಗಾದ ಕಡೆಯಲ್ಲಿದ್ದ ಆ ಮನೆಗೆ ಯೋಕಾನ್ ಎಂಬ ಸಿಹಿಯ ಪೊಟ್ಟಣ ಹಿಡಿದುಕೊಂಡು ಮೂವರೂ ಟ್ರ್ಯಾಮಿನಲ್ಲಿ ಹೋದರು. ಪರದೆಯ ಮೇಲೆ ಒಂದೇ ಉಸಿರಿಗೆ ಮೂವತ್ತು ಜನರನ್ನು ಕಡಿಯುವವನು ಕನ್ನಡಕ ಹಾಕಿಕೊಂಡು, ಕೆಳಗೆ ಕೆಂಡವಿಟ್ಟ ಕೊತಾತ್ಸು ಮೇಜಿನ ಬಿಸಿಗೆ ಕಾಲು ಚಾಚಿ, ಸೊಂಟಕ್ಕೆ ಕಾಸಿದ ಉಪ್ಪಿನ ಗಂಟು ಕಟ್ಟಿಕೊಂಡು ಕೂತಿದ್ದ. ತೊಕುಜಿರೊ ಹೊಸ್ತಿಲಲ್ಲೇ ಹಣೆ ನೆಲಕ್ಕೆ ತಾಗಿಸಿದ. ಮಿತ್ಸುಯೆಯೂ ಹಾಗೇ ಮಾಡಿದಳು. ಕಯೋ ಇಬ್ಬರನ್ನೂ ನೋಡಿ, ಇಲ್ಲಿ ಸಾಯಬೇಕೋ ಬೇಡವೋ ತಿಳಿಯದೆ, ಮೊಣಕಾಲೂರಿ ನಿಂತಿತು.

"ಇದೇನಾ ಆ ಮಗು?" ಎಂದ ಶಿರಾಮಿನೆ.

"ತಪ್ಪಾಯ್ತು ಗುರುಗಳೇ, ನಾನು ಸರಿಯಾಗಿ ಬೆಳೆಸಿಲ್ಲ," ಎಂದಳು ಮಿತ್ಸುಯೆ ನೆಲ ನೋಡುತ್ತಲೇ.

"ಇಲ್ಲಿ ಬಾ. ತಲೆಬಟ್ಟೆ ನೋಡಿ ಹಿಡಿದ್ಯಾ?"

"ಬಟ್ಟೆ ಅಲ್ಲ. ಹೆಬ್ಬೆರಳು. ತೊಕು ಮಾಮ ಸಾಯೋವಾಗ ಹೀಗೆ ಮಾಡ್ತಾರೆ." ಕಯೋ ಕಾಲುಚೀಲದೊಳಗಿನ ಬೆರಳನ್ನು ಸೆಟೆದು ಮಡಚಿ ತೋರಿಸಿತು.

"ಎರಡು ಸಲನೂ?"

"ಎರಡು ಸಲನೂ. ಬಾವಿ ಹತ್ರ ಚೆನ್ನಾಗಿತ್ತು. ಸೇತುವೆ ಮೇಲೆ ಇನ್ನೂ ಚೆನ್ನಾಗಿತ್ತು."

"ಮತ್ತೆ ನಾನು?"

ಮಗು ಕನ್ನಡಕವನ್ನು, ಉಪ್ಪಿನ ಗಂಟನ್ನು ಮೇಲಿಂದ ಕೆಳಗೆ ನೋಡಿತು. "ನೀವೂ ಇದ್ರಾ ಅದ್ರಲ್ಲಿ?"

ಮಿತ್ಸುಯೆ ಮಗಳ ತೋಳು ಹಿಡಿದು ಹಿಂದಕ್ಕೆಳೆದಳು. ಮುಗಿಯಿತು ತೊಕುಜಿರೊನ ಕಥೆ, ಎರಡನೆಯ ಸಲವೂ ಇದೇ ಬಾಯಿ ಮುಗಿಸಿತು ಎಂದುಕೊಂಡಳು. ಶಿರಾಮಿನೆ ಚಹಾದ ಬಟ್ಟಲನ್ನು ಎತ್ತಿ, ಖಾಲಿಯಿರುವುದನ್ನು ನೋಡಿ, ಕೆಳಗಿಟ್ಟ.

"ತೊಕು, ಎಷ್ಟು ವರ್ಷ ಆಯ್ತು ನಾನು ನಿನ್ನ ಕಡೀತಾ?"

"ಯುದ್ಧದ ವರ್ಷಗಳು ಬಿಟ್ರೆ ಹದಿನೇಳು, ಗುರುಗಳೇ."

"ಹದಿನೇಳು ವರ್ಷ. ನಿನ್ನ ಬೆರಳು ಹಾಗಾಗುತ್ತೆ ಅಂತ ನನಗೆ ಗೊತ್ತಿರ್ಲಿಲ್ಲ. ಅವತ್ತು ಬಾವಿ ಹತ್ರ ಕಡಿದೆ, ಸೇತುವೆ ಮೇಲೆ ಕಡಿದೆ. ಎದುರಿಗೆ ಬಂದವನು ಮತ್ತೆ ನೀನೇ ಅಂತ ನನಗೂ ಗೊತ್ತಾಗ್ಲಿಲ್ಲ." ಅವನು ಸೊಂಟದ ಗಂಟನ್ನು ಸರಿಪಡಿಸಿಕೊಂಡ. ದನಿ ಮೆತ್ತಗಾಗಲಿಲ್ಲ. "ಹಾಗಂತ ನಿನ್ನ ತಪ್ಪೇನು ಕಮ್ಮಿ ಆಗಲ್ಲ. ಮುಂದಿನ ಸೋಮವಾರದಿಂದ ಹೊಸ ಚಿತ್ರ. ನಿನಗೆ ಮೂರು ಸಾವು. ಮೂರೂ ನನ್ನ ಕೈಯಲ್ಲಿ, ಒಂದೇ ರಾತ್ರಿಯ ಜಗಳ. ಜನ ಇನ್ನೊಂದ್ಸಲ ನಕ್ಕರೆ ಆ ಹಲಗೇನ ನಾನೇ ಕಿತ್ತು ಸ್ನಾನದೊಲೆಗೆ ಹಾಕ್ತೀನಿ. ಸರಿಯಾ?"

"ಸರಿ ಗುರುಗಳೇ."

"ಯೋಕಾನ್ ಕುಯ್ದು ತರೋಕೆ ಹೇಳಿ ಯಾರಾದ್ರೂ," ಎಂದ ಶಿರಾಮಿನೆ ಒಳಗಿನ ಕಡೆ ತಿರುಗಿ. "ಈ ಮಗುಗೆ ದೊಡ್ಡ ತುಂಡು."

ಹಿಂದಿರುಗುವಾಗ ಟ್ರ್ಯಾಮ್ ತಡವಾಯಿತು. ನಿಲ್ದಾಣದ ಬೆಂಚಿನಲ್ಲಿ ಇಬ್ಬರೂ ಕೂತರು. ಕಯೋ ತೊಕುಜಿರೊನ ಬೆನ್ನಿನ ಮೇಲೆ ಬಾಯಿ ತೆರೆದು ನಿದ್ದೆ ಹೋಗಿತ್ತು, ತುಟಿಯಂಚಿಗೆ ಯೋಕಾನ್ ಮೆತ್ತಿತ್ತು. ಹಲಗೆ ಮತ್ತೆ ತಿರುಗುತ್ತದೆ ಎಂಬ ನೆಮ್ಮದಿಯಲ್ಲಿ ಮಿತ್ಸುಯೆಗೆ ಮಾತು ತಡೆಯಲಾಗಲಿಲ್ಲ.

"ಮೂವತ್ತು ವರ್ಷದಲ್ಲಿ ಮರೀದಿದ್ದೋರು ಅವತ್ತು ಹೇಗೆ ಮರೆತ್ರಿ?"

"ಬಟ್ಟೆ ಮರೀಲಿಲ್ಲ," ಎಂದ ತೊಕುಜಿರೊ. "ಇನ್ನೊಂದು ಬಟ್ಟೆ ಅಂಗಿಯ ಎದೆಯೊಳಗೇ ಇತ್ತು. ತೆವಳಿಕೊಂಡು ಹೋಗಿ ಸೆಟ್ಟಿನ ಹಲಗೆ ಗೋಡೆ ಹಿಂದೆ ಕೂತೆ. ಬಾಯಲ್ಲಿ ಐಸು. ಉಸಿರು ಸಿಗ್ಲಿಲ್ಲ, ವಯಸ್ಸಾಯ್ತಲ್ಲ. ಆಗ ಇದ್ದಕ್ಕಿದ್ದ ಹಾಗೆ, ನಾನು ಸತ್ತಾಗಿದ್ಯಾ ಇನ್ನೂ ಸಾಯ್ಬೇಕಾ ಅನ್ನೋದೇ ಗೊತ್ತಾಗ್ಲಿಲ್ಲ. ಆ ಕಡೆಯಿಂದ ಕೂಗಿದ್ರು, ಎದ್ದು ಓಡಿದೆ."

ಮಿತ್ಸುಯೆ ಅವನ ಬೆನ್ನಿನಿಂದ ಜಾರುತ್ತಿದ್ದ ಮಗಳ ಕಾಲನ್ನು ಮೇಲಕ್ಕೆ ಸರಿಸಿದಳು.

"ಕಯೋ ಕೇಳಿದ ಮಾತು ಇದೆಯಲ್ಲ, ಸತ್ತೋಗಿದ್ರಲ್ಲ, ಮತ್ತೆ ಯಾಕೆ ಬಂದ್ರು ಅಂತ. ಅದನ್ನ ನನಗೆ ಮೊದ್ಲೇ ಒಬ್ರು ಕೇಳಿದ್ರು. ನಮ್ಮಮ್ಮ."

ಅವನು ಅದನ್ನು ಹೇಳಿದ ರೀತಿಯಲ್ಲಿ ದುಃಖವೇನೂ ಕಾಣಲಿಲ್ಲ. ನಲ್ಲಿಯ ಹತ್ತಿರ ಹಲ್ಲು ಕಡಿಯುವ ಹೆಣಗಳ ಕಥೆ ಹೇಳುವ ದನಿಯೇ, ಸ್ವಲ್ಪ ತಗ್ಗಿನದು. ಹೆಂಡತಿಯನ್ನು ಊರಲ್ಲಿ ಬಿಟ್ಟು ಸೈನ್ಯಕ್ಕೆ ಹೋಗಿದ್ದ ಅವನು ಸತ್ತನೆಂದು ಯುದ್ಧದ ಕೊನೆಯ ವರ್ಷ ಊರಿಗೆ ಕಾಗದ ಹೋಗಿತ್ತು. ಎರಡು ವರ್ಷ ಕಳೆದು ಹಡಗಿನಿಂದಿಳಿದು ಮಿಯಾಜುವಿನ ಮನೆಗೆ ಹೋದಾಗ ಅವನ ಹೆಂಡತಿ ಅವನ ತಮ್ಮನ ಹೆಂಡತಿಯಾಗಿದ್ದಳು. ಮನೆಯವರೇ ಮಾಡಿಸಿದ ಮದುವೆ, ಊರಲ್ಲಿ ಅಂಥವು ಹತ್ತಾರು. ಅವಳು ಮಗುವಿಗೆ ಹಾಲೂಡಿಸುತ್ತಾ ಕೂತಿದ್ದಳಂತೆ. ಅಮ್ಮ ಬಾಗಿಲಿಗೆ ಬಂದು ನೋಡಿ, "ನೀನು ಸತ್ತೋಗಿದ್ದೆಯಲ್ಲಪ್ಪಾ, ಯಾಕೆ ಬಂದೆ?" ಎಂದಳಂತೆ.

"ಅಯ್ಯೋ," ಎಂದಳು ಮಿತ್ಸುಯೆ.

"ಬೈದು ಕೇಳಿದ್ದಲ್ಲ. ಪಾಪ, ಅರ್ಥ ಆಗ್ದೆ ಕೇಳಿದ್ದು. ಕಯೋ ಕೇಳ್ದಂಗೇ. ಆಮೇಲೆ ಒಳಗೆ ಕರೆದು ಕೂರಿಸಿದ್ರು. ಬೇಯಿಸಿದ ಅನ್ನ ಮನೇಲಿ ಒಂದೇ ಬಟ್ಟಲು ಇತ್ತು, ಪೂಜಾಕಪಾಟಿನಲ್ಲಿ ನನ್ನ ಫೋಟೋ ಮುಂದೆ ಇಟ್ಟಿದ್ದು. ಅದನ್ನೇ ಎತ್ಕೊಂಡು ಬಂದು ಕೊಟ್ರು."

"ತಿಂದ್ರಾ?"

"ಹಸಿದಿದ್ದೆ. ನನ್ನ ಪಾಲಿಂದೇ ಅಲ್ವಾ?" ಅವನು ಮೊದಲ ಸಲ ನಕ್ಕ. "ಸ್ವಲ್ಪ ಊದುಬತ್ತಿ ವಾಸ್ನೆ ಬರ್ತಿತ್ತು. ಮಾರನೇ ದಿನ ಮೊದಲ ರೈಲಿಗೆ ಹೊರಟು ಬಂದೆ. ಗುಡ್ಡದ ಮೇಲೆ ನನ್ನ ಹೆಸರಿನ ಗೋರಿಕಲ್ಲು ಇದೆ. ತೆಗೀಬೇಡಿ ಅಂತ ನಾನೇ ಹೇಳಿದೆ. ತೆಗೆದ್ರೆ ಅವಳನ್ನ ಜನ ಏನಂದ್ಕೊಳ್ತಾರೆ?"

ಟ್ರ್ಯಾಮ್ ಬಂತು. ಮಿತ್ಸುಯೆ ಕೈಚೌಕದ ತುದಿಯನ್ನು ನಾಲಿಗೆಗೆ ತಾಗಿಸಿ ಮಗಳ ತುಟಿಯಂಚನ್ನು ಒರೆಸಿದಳು.

ಮನೆಯಲ್ಲಿ ಚಾಪೆಯ ತುಂಬ ಹೊಲಿಗೆ ಹರಡಿತ್ತು. ಏಪ್ರಿಲಿನಲ್ಲಿ ಕಯೋ ಶಿಶುವಿಹಾರಕ್ಕೆ ಸೇರುವವಳು. ಚೀಲ, ಏಪ್ರನ್, ಕೈಚೌಕ, ಒಳಗೆ ಹಾಕುವ ಚಪ್ಪಲಿ, ಎಲ್ಲದಕ್ಕೂ ಹೆಸರು ಹೊಲಿದು ಕಳಿಸಬೇಕೆಂದು ಅಲ್ಲಿನ ಟೀಚರು ಪಟ್ಟಿ ಕೊಟ್ಟಿದ್ದರು. ಬಿಳಿಯ ಸಣ್ಣ ಪಟ್ಟಿಗಳ ಮೇಲೆ ನೀಲಿ ದಾರದಲ್ಲಿ ಕಯೋ, ಕಯೋ, ಕಯೋ ಎಂದು ಮಿತ್ಸುಯೆ ಹದಿನಾಲ್ಕು ಸಲ ಹೊಲಿದಿದ್ದಳು, ಇನ್ನೂ ಆರು ಬಾಕಿ. ತೊಕುಜಿರೊ ಮಗುವನ್ನು ಹಾಸಿಗೆಯಲ್ಲಿ ಮಲಗಿಸಿ, ತಲೆ ಎಲ್ಲಕ್ಕಿಂತ ಕೊನೆಗೆ ತಾಗುವಂತೆ ಕೈಯೂರಿ ಇಳಿಸಿ, ಎದ್ದುಹೋಗದೆ ಆ ಪಟ್ಟಿಗಳ ಮುಂದೆಯೇ ಕೂತ.

"ಇದು ಯಾಕೆ ಇಷ್ಟೊಂದು?"

"ಇಲ್ದಿದ್ರೆ ಯಾರ್ದು ಯಾವುದು ಅಂತ ಮಕ್ಳಿಗೆ ಗೊತ್ತಾಗಲ್ವಂತೆ. ಸಂಜೆ ಯಾರದ್ದೋ ಚಪ್ಪಲಿ ಹಾಕ್ಕೊಂಡು ಯಾರೋ ಮನೆಗೆ ಹೋಗ್ತಾವಂತೆ."

ಅವನು ಒಂದು ಪಟ್ಟಿಯನ್ನು ಎತ್ತಿ ಹೊಲಿಗೆಯ ಮೇಲೆ ಹೆಬ್ಬೆರಳಾಡಿಸಿದ. ಕಣ್ಣು ಮುಚ್ಚಿ ಇನ್ನೊಂದು ಸಲ ಆಡಿಸಿದ. ಹೊರಗೆ ಒನೊಬು ತುತ್ತೂರಿ ಊದುತ್ತಾ ತೋಫು ಗಾಡಿ ತಳ್ಳಿಕೊಂಡು ಹೋದಳು. ನಮ್ಮ ಬಾಗಿಲ ಮುಂದೆ ಬೇಕೆಂದೇ ಎರಡು ಸಲ ಊದುತ್ತಾಳೆ, ಸುದ್ದಿ ತಿಳಿಯಬೇಕಲ್ಲ, ಎಂದು ಮಿತ್ಸುಯೆ ಏಳದೆ ಕೂತಳು.

"ನಿಮ್ಮ ಹತ್ರ ಒಂದು ಕೇಳ್ಬೇಕು," ಎಂದ ತೊಕುಜಿರೊ. ಅಂಗಿಯ ಎದೆಯೊಳಗಿನಿಂದ ನಾಲ್ಕು ತಲೆಬಟ್ಟೆ ತೆಗೆದು ಚಾಪೆಯ ಮೇಲೆ ಸಾಲಾಗಿ ಹಾಸಿದ. ಕಂದು ಚೌಕಳಿ, ಕಪ್ಪು, ಬೂದು. ನಾಲ್ಕನೆಯದು ಸ್ನಾನದ ಮನೆಗೆ ಒಯ್ಯುವ ಹಳೆಯ ಬಿಳಿ ವಸ್ತ್ರ, ಒಗೆದು ಒಗೆದು ಮೆತ್ತಗಾದದ್ದು.

"ಸೋಮವಾರ ಮೂರು ಸಾವು. ಗೋಡೆ ಹಿಂದೆ ಕತ್ತಲೆ, ಬಣ್ಣ ಕಾಣಲ್ಲ. ಬೆರಳಿಗೆ ಸಿಗೋ ಹಾಗೆ ಅಂಚಲ್ಲಿ ಗಂಟು ಹಾಕಿ ಕೊಡಿ. ಮೊದಲನೇದಕ್ಕೆ ಒಂದು, ಎರಡನೇದಕ್ಕೆ ಎರಡು, ಬೂದುಗೆ ಮೂರು."

"ಅಷ್ಟೇನಾ? ಈಗ್ಲೇ ಹಾಕ್ತೀನಿ. ಈ ಬಿಳೀದು ಯಾವ ಸಾವಿಗೆ?"

"ಅದು ಸಾವಿಗಲ್ಲ. ಎಲ್ಲ ಮುಗಿದ ಮೇಲೆ ಕಟ್ಕೊಂಡು ಮನೆಗೆ ಬರೋಕೆ." ತೊಕುಜಿರೊ ಆ ಬಟ್ಟೆಯ ಮಡಿಕೆಯನ್ನು ಅಂಗೈಯಿಂದ ನೀವಿ ಅವಳ ಕಡೆ ಸರಿಸಿದ. "ಅದಕ್ಕೆ ಗಂಟು ಬೇಡ. ನನ್ನ ಹೆಸರು ಹೊಲಿದು ಕೊಡ್ತೀರಾ? ಕಯೋ ಚೀಲಕ್ಕೆ ಹೊಲಿದಿದ್ದೀರಲ್ಲ, ಅದೇ ನೀಲಿ ದಾರದಲ್ಲಿ."